ಆರು ಬೈಟಿನ ಮಾತು

— ಚಿಕ್ಕಪ್ಪ, ನಮ್ಮ ಕಾಲೇಜಿನ ಲೈಬ್ರರಿಯಲ್ಲಿರೋ ಸಿಡಿಗಳನ್ನೆಲ್ಲ ಹಾರ್ಡ್‌ಡಿಸ್ಕಿಗೆ ಇಳಿಸಿಕೊಡ್ತೀನಿ ಅಂತ ಒಪ್ಕೊಂಡಿದ್ದೀನಿ. ವಿಚಾರ ಸಂಕಿರಣದ ಭಾಷಣಗಳು, ಸೋಬಾನೆ ಪದ, ಹಳೇ ಪ್ರಬಂಧಗಳ ಸ್ಕ್ಯಾನು, ಎಲ್ಲ ಇದೆ. ಡೇಟಾ ಸಿಡಿ ಹಾಕಿದ್ರೆ ಫೋಲ್ಡರು, ಫೈಲು ಕಾಣುತ್ತೆ. ಹಾಡಿನ ಸಿಡಿ ಹಾಕಿದ್ರೆ ಕಾಪಿ ಮಾಡೋ ಅಂಥ ಫೈಲೇ ಇಲ್ಲ. ಆದ್ರೂ ಪ್ಲೇಯರ್ ಹಾಡಿಸುತ್ತೆ. ಅದು ಡ್ರೈವನ್ನ ಏನಂತ ಕೇಳುತ್ತೆ?

— ಸರಿಯಾದ ಕಡೆಯಿಂದಲೇ ಶುರು ಮಾಡಿದೆ. ಫೈಲು, ಫೋಲ್ಡರು ಅನ್ನೋದೆಲ್ಲ ಆಪರೇಟಿಂಗ್ ಸಿಸ್ಟಮ್ ನಮಗೆ ಕಟ್ಟಿಕೊಡೋ ನೋಟ. ಡ್ರೈವಿಗೆ ಅದ್ಯಾವುದೂ ಗೊತ್ತಿಲ್ಲ. ಅದಕ್ಕೆ ಗೊತ್ತಿರೋದು ಸೆಕ್ಟರ್ ಲೆಕ್ಕ. 'ಇಂಥ ಸೆಕ್ಟರಿಂದ ಇಷ್ಟು ಸೆಕ್ಟರ್ ಕೊಡು', 'ಈ ಡಿಸ್ಕಿನಲ್ಲಿ ಯಾವ ಹಾಡು ಎಲ್ಲಿ ಶುರುವಾಗುತ್ತೆ ಹೇಳು', 'ಟ್ರೇ ಹೊರಗೆ ಹಾಕು'. ಇಂಥ ಆಜ್ಞೆಗಳು ಹತ್ತಾರು ಇವೆ, ಅಷ್ಟೇ. ಮಾಮೂಲಿ ಫೈಲು ತೆರೆದು ಓದೋದಾದ್ರೆ ಈ ಮಾತುಕತೆ ನಿನಗೆ ಕಾಣಿಸೋದೇ ಇಲ್ಲ, ಸಿಸ್ಟಮ್ಮೇ ನಡೆಸುತ್ತೆ. ಹಾಡು ತೆಗೀಬೇಕು, ಡಿಸ್ಕ್ ಬರೀಬೇಕು, ವೇಗ ಇಳಿಸಬೇಕು ಅಂದ್ರೆ ಆ ಆಜ್ಞೆಗಳನ್ನ ನೀನೇ ಕಳಿಸಬೇಕು. ಕಳಿಸೋಕೆ ಒಂದು ದಾರಿ ಬೇಕಲ್ಲ, ಆ ದಾರಿಯೇ ಪ್ರೋಗ್ರಾಮುಗಳು ಬಳಸೋ ಲೈಬ್ರರಿ ಫೈಲುಗಳು.

— ಆಜ್ಞೆ ಹೇಗಿರುತ್ತೆ ಅಂತ ಒಂದು ತೋರಿಸಿ.

— ಟ್ರೇ ಹೊರಗೆ ಹಾಕಿಸೋಣ. ಒಟ್ಟು ಆರು ಬೈಟು, ಹೆಕ್ಸಾಡೆಸಿಮಲ್ ಲೆಕ್ಕದಲ್ಲಿ: 1ಬಿ, 00, 00, 00, 02, 00. ಮೊದಲನೇದು ಯಾವ ಕೆಲಸ ಅಂತ ಹೇಳುತ್ತೆ. 1ಬಿ ಅಂದ್ರೆ ಸ್ಟಾರ್ಟ್ ಸ್ಟಾಪ್ ಯೂನಿಟ್. ಐದನೇ ಬೈಟಿನಲ್ಲಿರೋ 02 ಅಂದ್ರೆ ಹೊರಗೆ ಹಾಕು. ಅಲ್ಲಿ 03 ಇಟ್ರೆ ಒಳಗೆ ಎಳ್ಕೊಳ್ಳುತ್ತೆ, 01 ಇಟ್ರೆ ತಿರುಗೋಕೆ ಶುರು, 00 ಇಟ್ರೆ ನಿಲ್ಲುತ್ತೆ. ಆರಕ್ಕೆ ಆರೂ ಸೊನ್ನೆ ಕಳಿಸಿದ್ರೆ ಅದೂ ಒಂದು ಪ್ರಶ್ನೆಯೇ: 'ಸಿದ್ಧವಾಗಿದ್ದೀಯಾ?' 12ರಿಂದ ಶುರುವಾಗೋ ಆಜ್ಞೆ 'ನೀನು ಯಾರು?' ಅಂತ ಕೇಳುತ್ತೆ. ಡ್ರೈವು ತಯಾರಕರ ಹೆಸರು 8 ಅಕ್ಷರ, ಮಾಡೆಲ್ 16 ಅಕ್ಷರ, ಫರ್ಮ್‌ವೇರ್ ಆವೃತ್ತಿ 4 ಅಕ್ಷರ ಅಂತ ಅಳತೆ ಇಟ್ಟು ಉತ್ತರ ಕೊಡುತ್ತೆ. ಜೊತೆಗೆ ತಾನು ಯಾವ ಜಾತಿಯ ಸಾಧನ ಅಂತಲೂ ಹೇಳುತ್ತೆ. 0 ಅಂದ್ರೆ ಹಾರ್ಡ್‌ಡಿಸ್ಕು, 1 ಅಂದ್ರೆ ಟೇಪು, 5 ಅಂದ್ರೆ ಸಿಡಿ, ಡಿವಿಡಿ.

— ಅಂದ್ರೆ ಡ್ರೈವಿನ ಒಳಗೆ ಇದನ್ನೆಲ್ಲ ಓದಿ ತಿಳ್ಕೊಳ್ಳೋ ಒಂದು ಕಂಪ್ಯೂಟರ್ ಇದೆ.

— ಇದೆ. ಪ್ರೊಸೆಸರ್, ಮೆಮೊರಿ, ಅದರದೇ ಪ್ರೋಗ್ರಾಮು. ಸಿಡಿಯ ಒಂದು ಸುತ್ತಿಗೂ ಪಕ್ಕದ ಸುತ್ತಿಗೂ ನಡುವೆ ಇರೋದು 1.6 ಮೈಕ್ರಾನ್. ಲೇಸರನ್ನ ಆ ಗೆರೆಯ ಮೇಲೆ ಹಿಡಿದಿಡೋದು, ಡಿಸ್ಕ್ ವಾಲಾಡಿದ್ರೆ ಲೆನ್ಸನ್ನ ಜೊತೆಗೇ ಆಡಿಸೋದು, ಗೀರು ಬಿದ್ದ ಕಡೆ ಕಳೆದ ಬಿಟ್ಟುಗಳನ್ನ ಲೆಕ್ಕ ಹಾಕಿ ತುಂಬೋದು, ಇದೆಲ್ಲ ಅದರ ಪಾಡು. ನಿನ್ನ ಪ್ರೋಗ್ರಾಮು ದರ್ಶಿನಿಯಲ್ಲಿ ಟೋಕನ್ ಕೊಟ್ಟು ನಿಂತ ಗಿರಾಕಿ ಇದ್ದ ಹಾಗೆ. ಹಂಚು ಎಷ್ಟು ಕಾದಿದೆ ಅನ್ನೋದು ಒಳಗಿನವರಿಗೆ ಸೇರಿದ್ದು. ನೀನು ಸರಿಯಾದ ಟೋಕನ್ ಕೊಡಬೇಕು, ಬಂದದ್ದನ್ನ ತಗೋಬೇಕು, ಬರದಿದ್ರೆ ಯಾಕೆ ಬರಲಿಲ್ಲ ಅಂತ ಕೇಳಬೇಕು.

— ಯಾಕೆ ಅಂತ ಕೇಳಿದ್ರೆ ಹೇಳುತ್ತಾ?

— ಚೆನ್ನಾಗಿ ಹೇಳುತ್ತೆ! ನನಗೆ ಈ ವ್ಯವಸ್ಥೆಯಲ್ಲಿ ತುಂಬ ಇಷ್ಟವಾದ ಭಾಗವೇ ಅದು. ಆಜ್ಞೆ ಸೋತರೆ ಡ್ರೈವು 'ಸೆನ್ಸ್' ಅನ್ನೋ ಮಾಹಿತಿ ಕೊಡುತ್ತೆ, ಅದರಲ್ಲಿ ಮುಖ್ಯವಾಗಿ ಮೂರು ಅಂಕಿ. ಮೊದಲ ಅಂಕಿ 2, ಎರಡನೇದು 3ಎ ಬಂದ್ರೆ ಒಳಗೆ ಡಿಸ್ಕೇ ಇಲ್ಲ. 2 ಮತ್ತು 04 ಬಂದು ಮೂರನೇದು 01 ಆದ್ರೆ, ತಾಳು, ಸಿದ್ಧವಾಗ್ತಾ ಇದ್ದೀನಿ ಅಂತ. 3 ಮತ್ತು 11 ಬಂದ್ರೆ ಎಷ್ಟು ಪ್ರಯತ್ನಪಟ್ಟರೂ ಆ ಸೆಕ್ಟರ್ ಓದಲಾಗಲಿಲ್ಲ. 5 ಮತ್ತು 20 ಬಂದ್ರೆ ನೀನು ಕೇಳಿದ ಕೆಲಸವೇ ನನಗೆ ಗೊತ್ತಿಲ್ಲ. 6 ಮತ್ತು 28 ಬಂದ್ರೆ ನೀನು ನೋಡದೇ ಇದ್ದಾಗ ಯಾರೋ ಡಿಸ್ಕ್ ಬದಲಾಯಿಸಿರಬಹುದು. ನಮ್ಮ ಪ್ರೋಗ್ರಾಮುಗಳು ಇಷ್ಟು ವಿವರವಾದ ಉತ್ತರವನ್ನ ನುಂಗಿ 'ಎರರ್' ಅಂತ ಒಂದೇ ಮಾತು ತೋರಿಸ್ತಾವೆ. ನಿನ್ನ ಪ್ರೋಗ್ರಾಮಿನಲ್ಲಿ ಹಾಗೆ ಮಾಡಬೇಡ. ಡ್ರೈವು ಹೇಳಿದ್ದನ್ನ ಇದ್ದ ಹಾಗೇ ಬರೆದಿಡು.

— ಬರೆದಿಡ್ತೀನಿ. ಈಗ ಲೈಬ್ರರಿ ವಿಷಯ. ಹಳೇ ಪುಸ್ತಕಗಳಲ್ಲಿ ಎಲ್ಲಿ ನೋಡಿದ್ರೂ ಆಸ್ಪಿ, ಆಸ್ಪಿ ಅಂತ ಬರುತ್ತೆ.

— ಅದನ್ನ ತಿಳೀಬೇಕಾದ್ರೆ ಸ್ಕಸಿ ಕಾಲಕ್ಕೆ ಹೋಗಬೇಕು. ಹಾರ್ಡ್‌ಡಿಸ್ಕು, ಟೇಪು, ಸ್ಕ್ಯಾನರು, ಸಿಡಿ ಡ್ರೈವು, ಎಲ್ಲಕ್ಕೂ ಒಂದೇ ಕೇಬಲ್ಲು, ಒಂದೇ ಆಜ್ಞಾ ಪದ್ಧತಿ ಇರಲಿ ಅಂತ ಮಾಡಿದ ಮಾನಕ ಸ್ಕಸಿ. 1986ರಲ್ಲಿ ಅಮೆರಿಕದಲ್ಲಿ ಮಾನಕವಾಯ್ತು. ಸಾಧನಗಳ ಕಡೆ ಭಾಷೆ ಒಂದಾಯ್ತು ಸರಿ, ಕಂಪ್ಯೂಟರಿನ ಕಡೆ ಆಗಲಿಲ್ಲ. ಒಂದೊಂದು ಕಂಪನಿಯ ಸ್ಕಸಿ ಕಾರ್ಡಿಗೂ ಒಂದೊಂದು ರೀತಿಯ ಪ್ರೋಗ್ರಾಮು ಬರೀಬೇಕಿತ್ತು. ಅಡಾಪ್ಟೆಕ್ ಅಂತ ಒಂದು ಕಂಪನಿ, ಸ್ಕಸಿ ಕಾರ್ಡ್ ಮಾಡೋದರಲ್ಲಿ ದೊಡ್ಡ ಹೆಸರು. ಅವರು 1990ರ ಸುಮಾರಿಗೆ ಈ ಆಸ್ಪಿ ತಂದ್ರು. ಕಾರ್ಡ್ ಯಾವುದೇ ಇರಲಿ, ಪ್ರೋಗ್ರಾಮಿಗೆ ಕಾಣೋ ಬಾಗಿಲು ಒಂದೇ. ಯಾವ ಕಾರ್ಡು, ಅದರಲ್ಲಿ ಎಷ್ಟನೇ ಸಾಧನ, ಆಜ್ಞೆಯ ಬೈಟುಗಳು ಇವು, ಉತ್ತರವನ್ನ ಮೆಮೊರಿಯಲ್ಲಿ ಇಲ್ಲಿ ಇಡು ಅಂತ ತುಂಬಿಸಿ ಕೊಟ್ರೆ ಮುಗೀತು. ಬೇರೆ ಕಾರ್ಡ್ ಕಂಪನಿಗಳೂ ಅದನ್ನೇ ಅನುಸರಿಸಿದ್ವು. 32 ಬಿಟ್ ವಿಂಡೋಸಿನಲ್ಲಿ ಆ ಬಾಗಿಲಿನ ಹೆಸರು ಡಬ್ಲ್ಯೂಎನ್‌ಆಸ್ಪಿ32.ಡಿಎಲ್‌ಎಲ್. ಒಳಗೆ ಮುಖ್ಯವಾದ ಫಂಕ್ಷನ್ ಎರಡೇ: ಎಷ್ಟು ಕಾರ್ಡ್ ಇವೆ ಅಂತ ಹೇಳೋದು ಒಂದು, ಆಜ್ಞೆ ಕಳಿಸೋದು ಇನ್ನೊಂದು.

— ಆದ್ರೆ ನಮ್ಮ ಮನೆ ಕಂಪ್ಯೂಟರಿನಲ್ಲಿ ಸ್ಕಸಿ ಕಾರ್ಡ್ ಇರಲಿಲ್ಲವಲ್ಲ. ಆ ಅಗಲವಾದ ಪಟ್ಟಿ ಕೇಬಲ್, ಐಡಿಇ ತಾನೆ?

— ಸ್ಕಸಿ ದುಬಾರಿ ಕಣಮ್ಮ, ಮನೆಗಳಲ್ಲಿ ಇರ್ತಾ ಇರಲಿಲ್ಲ. ಐಡಿಇ ಹುಟ್ಟಿದ್ದು ಹಾರ್ಡ್‌ಡಿಸ್ಕಿಗೆ. ಮೊದಲಿಗೆ ಅದರ ಆಜ್ಞೆಗಳಲ್ಲಿ ಟ್ರೇ ಅನ್ನೋ ಮಾತೇ ಇರಲಿಲ್ಲ, ಡಿಸ್ಕ್ ಬದಲಾಗುತ್ತೆ ಅನ್ನೋ ಕಲ್ಪನೆಯೂ ಇರಲಿಲ್ಲ. ಅದಕ್ಕೆ 90ರ ದಶಕದಲ್ಲಿ ಅಟಾಪಿ ಅಂತ ಮಾಡಿದ್ರು. ಐಡಿಇಗೆ ಹೊಸದಾಗಿ ಮುಖ್ಯವಾದ ಒಂದು ಆಜ್ಞೆ ಸೇರಿಸಿದ್ರು, 'ಪ್ಯಾಕೆಟ್' ಅಂತ. ಹಿಂದೆಯೇ 12 ಬೈಟು ಬರುತ್ತೆ, ಅದನ್ನ ಬಿಚ್ಚಿ ನೋಡು ಅಂತ ಅದರ ಅರ್ಥ. ಆ 12 ಬೈಟಿನ ಒಳಗೆ ಇರೋದು ಸ್ಕಸಿ ಆಜ್ಞೆ. ಅಂದ್ರೆ ಕೇಬಲ್ಲು ಐಡಿಇ, ಮಾತು ಸ್ಕಸಿ. ಹಾಗಾಗಿ ಆಸ್ಪಿಗೆ ಬರೆದ ಪ್ರೋಗ್ರಾಮು ಸ್ಕಸಿ ಕಾರ್ಡೇ ಇಲ್ಲದ ಮನೆಯಲ್ಲೂ ನಡೀತು.

— ಹಾಗಾದ್ರೆ ಎಲ್ಲ ಸುಖವಾಗಿತ್ತು.

— ವಿಂಡೋಸ್ 95, 98 ಇರೋ ತನಕ. ಅವುಗಳ ಜೊತೆ ಆಸ್ಪಿ ಬರ್ತಾ ಇತ್ತು. ವಿಂಡೋಸ್ 2000, ಎಕ್ಸ್‌ಪಿ ಬಂದಾಗ ಆ ಫೈಲೇ ಇಲ್ಲ. ಎನ್‌ಟಿ ವಂಶಕ್ಕೆ ಮೈಕ್ರೋಸಾಫ್ಟ್ ತನ್ನದೇ ಬೇರೆ ದಾರಿ ಇಟ್ಟುಕೊಂಡಿತ್ತು, ಸ್ಕಸಿ ಪಾಸ್ ಥ್ರೂ ಅಂತ. ಆದ್ರೆ ಹಳೇ ಪ್ರೋಗ್ರಾಮುಗಳೆಲ್ಲ ಆಸ್ಪಿಯನ್ನೇ ಕೇಳ್ತಾ ಇದ್ವು. ಸಿಡಿ ಬರೆಯೋ ಪ್ರೋಗ್ರಾಮ್ ತೆರೆದ ಕೂಡಲೇ 'ಆಸ್ಪಿ ಸಿಕ್ಕಲಿಲ್ಲ' ಅಂತ ನಿಂತುಬಿಡೋದು. ಡ್ರೈವು ಸರಿ, ಕೇಬಲ್ ಸರಿ, ಖಾಲಿ ಡಿಸ್ಕೂ ಇದೆ, ನಡುವಿನ ಒಂದು ಸಣ್ಣ ಫೈಲ್ ಇಲ್ಲ. ಆಗ ನಾವು ಅದನ್ನ ಫ್ಲಾಪಿಯಲ್ಲಿ ಇಟ್ಕೊಂಡು ಓಡಾಡ್ತಾ ಇದ್ವಿ. ಬೆಂಗಳೂರಿನ ಎಸ್.ಪಿ. ರಸ್ತೆಗೆ ಬಿಡಿಭಾಗ ತರೋಕೆ ಹೋದವರು ಡ್ರೈವಿನ ಜೊತೆ ಈ ಫೈಲನ್ನೂ ಕೇಳಿ ತರೋರು. ಅದರಲ್ಲೂ ಆವೃತ್ತಿಗಳು ಬೇರೆ ಬೇರೆ. ಸಿಸ್ಟಮ್ ಫೋಲ್ಡರಿನಲ್ಲಿ ಒಂದು, ಪ್ರೋಗ್ರಾಮಿನ ಫೋಲ್ಡರಿನಲ್ಲಿ ಇನ್ನೊಂದು, ಯಾವುದು ಮೊದಲು ಸಿಕ್ಕುತ್ತೋ ಅದೇ ಕೆಲಸಕ್ಕೆ ಕೂರುತ್ತೆ. ನೀರೋ ಅನ್ನೋ ಸಿಡಿ ಬರೆಯೋ ಪ್ರೋಗ್ರಾಮು ತನ್ನದೇ ಒಂದು ಆಸ್ಪಿ ಫೈಲನ್ನ ತನ್ನ ಜೊತೆ ತರ್ತಾ ಇತ್ತು.

— ಕಂಪನಿಯವರು ಕೊಡದೇ ಇದ್ರೆ ಬೇರೆಯವರು ಬರೀಬಹುದಲ್ಲ? ಎರಡೇ ಫಂಕ್ಷನ್ ಅಂದ್ರಿ.

— ಬರೆದ್ರು! ಫ್ರಾಗ್ ಆಸ್ಪಿ ಅಂತ ಒಂದು ಬಂತು. ಹೊರಗಿನಿಂದ ನೋಡಿದ್ರೆ ಅದೇ ಫೈಲು, ಅವೇ ಫಂಕ್ಷನ್ನು. ಒಳಗೆ ಮಾತ್ರ ಬಂದ ಆಜ್ಞೆಯನ್ನ ತಿರುಗಿಸಿ ಮೈಕ್ರೋಸಾಫ್ಟಿನ ಪಾಸ್ ಥ್ರೂ ದಾರಿಗೆ ಹಾಕುತ್ತೆ. ಮೇಲಿನ ಪ್ರೋಗ್ರಾಮಿಗೆ ವ್ಯತ್ಯಾಸವೇ ಗೊತ್ತಾಗಲ್ಲ. ಲೈಬ್ರರಿ ಅಂದ್ರೆ ಏನು ಅಂತ ನನಗೆ ನಿಜವಾಗಿ ಅರ್ಥ ಮಾಡಿಸಿದ್ದು ಇದು. 'ಈ ಹೆಸರಿನಿಂದ ಕರೆದ್ರೆ ಈ ಕೆಲಸ ಮಾಡಿಕೊಡ್ತೀನಿ' ಅನ್ನೋ ಕರಾರು ಅದು. ಕರಾರು ಎಲ್ಲರೂ ಓದೋ ಹಾಗೆ ಇದ್ರೆ ಯಾರು ಬೇಕಾದ್ರೂ ಅದನ್ನ ನಡೆಸಿಕೊಡಬಹುದು. ಅಡಾಪ್ಟೆಕ್ ತನ್ನ ಸಾಫ್ಟ್‌ವೇರ್ ವಿಭಾಗವನ್ನ 2001ರಲ್ಲಿ ರಾಕ್ಸಿಯೋ ಅಂತ ಬೇರೆ ಮಾಡಿತು. ಸ್ಟೋರೇಜ್ ವ್ಯವಹಾರ 2010ರಲ್ಲಿ ಪಿಎಂಸಿ-ಸಿಯೆರಾ ಪಾಲಾಯ್ತು. ಆಸ್ಪಿಯ ಬಗ್ಗೆ ಈಗ ಯಾರನ್ನ ಕೇಳ್ತೀಯ? ಆದ್ರೆ ಆ ಬಾಗಿಲ ಮೂಲಕ ಹೋಗ್ತಾ ಇದ್ದ ಆರು ಬೈಟು, ಹನ್ನೆರಡು ಬೈಟಿನ ಮಾತು ಇದೆಯಲ್ಲ, ಅದು ಇವತ್ತಿಗೂ ಜೀವಂತ. ಅದು ಮಾನಕದ ಪುಸ್ತಕದಲ್ಲಿ ಬರೆದಿರೋದ್ರಿಂದ.

— ಸ್ಕಸಿ ಮಾನಕ ಇದ್ದದ್ರಿಂದ ಎಲ್ಲ ಡ್ರೈವುಗಳೂ ಒಂದೇ ಥರ ಮಾತಾಡ್ತಾ ಇದ್ವಾ?

— ಇಲ್ಲ. ಓದೋದಕ್ಕೆ ಬಹುಮಟ್ಟಿಗೆ ಒಂದೇ. ಹಾಡು ತೆಗೆಯೋದಕ್ಕೆ, ಬರೆಯೋದಕ್ಕೆ ಒಬ್ಬೊಬ್ಬರದು ಒಂದೊಂದು. ಹಾಡಿನ ಸೆಕ್ಟರ್ ಕೇಳೋಕೆ ಪ್ಲೆಕ್ಸ್‌ಟರ್ ಡ್ರೈವಿಗೆ ಡಿ8, ಎನ್‌ಇಸಿಗೆ ಡಿ4. ಬರೆಯೋ ಡ್ರೈವುಗಳಲ್ಲಿ ಫಿಲಿಪ್ಸ್ ರೀತಿ ಬೇರೆ, ಸೋನಿ ರೀತಿ ಬೇರೆ. ಆಮೇಲೆ ಮಲ್ಟಿಮೀಡಿಯಾ ಕಮಾಂಡ್ಸ್, ಎಂಎಂಸಿ ಅನ್ನೋ ಮಾನಕ ಬಂದು, ಹಾಡಿನ ಸೆಕ್ಟರಿಗೆ ಎಲ್ಲರೂ ಬಿಇ ಅನ್ನೋ ಒಂದೇ ಆಜ್ಞೆಗೆ ಒಪ್ಪಿದ್ರು. ಅದಕ್ಕೂ ಮುಂಚಿನ ಕಷ್ಟ ನೋಡಬೇಕಾದ್ರೆ ಸಿಡಿರೆಕಾರ್ಡ್ ಅನ್ನೋ ಪ್ರೋಗ್ರಾಮಿನ ಮೂಲ ಕೋಡ್ ತೆರೆದು ನೋಡು. ಫಿಲಿಪ್ಸಿಗೆ ಒಂದು ಫೈಲು, ಸೋನಿಗೆ ಒಂದು, ಜೆವಿಸಿಗೆ ಒಂದು, ಆಮೇಲೆ ಎಂಎಂಸಿಗೆ ಒಂದು. ಬರೆದವರು ಬರ್ಲಿನ್ನಿನ ಯೋರ್ಗ್ ಶಿಲ್ಲಿಂಗ್, 1996ರಲ್ಲಿ ಶುರು ಮಾಡಿದ್ರು. ಅದರ ಅಡಿಪಾಯ ಲಿಬ್‌ಎಸ್‌ಸಿಜಿ ಅನ್ನೋ ಅವರ ಲೈಬ್ರರಿ. ಸೊಲಾರಿಸ್, ಲಿನಕ್ಸ್, ವಿಂಡೋಸ್, ಹೀಗೆ ಎಷ್ಟೋ ಸಿಸ್ಟಮ್ಮುಗಳಲ್ಲಿ ಆಜ್ಞೆ ಕಳಿಸೋ ದಾರಿ ಬೇರೆ ಬೇರೆ. ಅದೆಲ್ಲವನ್ನೂ ಒಂದೇ ಬಾಗಿಲಿನ ಹಿಂದೆ ಇಟ್ರು. ವಿಂಡೋಸಿನಲ್ಲಿ ಅದೂ ಆಸ್ಪಿಯ ಮೂಲಕವೇ ಹೋಗ್ತಾ ಇತ್ತು.

— ಅವರಿಗೂ ಲಿನಕ್ಸಿನವರಿಗೂ ಜಗಳ ಅಂತ ಕೇಳಿದ್ದೀನಿ.

— ಜಗಳವೇ. ಡ್ರೈವನ್ನ ಕಾರ್ಡಿನ ಸಂಖ್ಯೆ, ಸಾಧನದ ಸಂಖ್ಯೆ ಹೇಳಿ ಕರೀಬೇಕು ಅಂತ ಅವರ ಹಠ. ಸಾಧನಕ್ಕೆ ಒಂದು ಹೆಸರಿದೆ, ಆ ಹೆಸರಿಂದ ಕರೆದ್ರೆ ಸಾಕು ಅಂತ ಲಿನಕ್ಸ್ ಕರ್ನೆಲ್‌ನವರ ಹಠ. ಆಮೇಲೆ ಪರವಾನಗಿಯ ತಕರಾರು ಬಂದು, 2006ರಲ್ಲಿ ಡೆಬಿಯನ್‌ನವರು ಅವರ ಕೋಡನ್ನ ಕವಲೊಡೆದು ಸಿಡಿಕಿಟ್ ಅಂತ ಮಾಡಿಕೊಂಡ್ರು. ಸಾಧನದ ಹೆಸರಿನ ವಿಷಯದಲ್ಲಿ ನಾನು ಲಿನಕ್ಸಿನವರ ಕಡೆ. ಬಳಸೋ ಜನ ಸಂಖ್ಯೆ ನೆನಪಿಟ್ಟುಕೊಳ್ಳಬಾರದು. ಆದ್ರೆ ಒಬ್ಬ ಮನುಷ್ಯ ಅಷ್ಟೊಂದು ಡ್ರೈವುಗಳ ವಕ್ರತೆಯನ್ನ ಒಂದೊಂದಾಗಿ ಕಲಿತು, ಜಗತ್ತಿನ ಎಲ್ಲರಿಗೂ ಸಿಗೋ ಹಾಗೆ ಬರೆದಿಟ್ಟದ್ದಕ್ಕೆ ನಾವು ಋಣಿಗಳು. ನಮ್ಮ ಕಡೆ ಡಯಲ್-ಅಪ್ ಕಾಲದಲ್ಲಿ 650 ಎಂಬಿಯ ಒಂದು ಲಿನಕ್ಸ್ ಡಿಸ್ಕನ್ನ 56 ಕೆ ಮೋಡೆಮಿನಲ್ಲಿ ಇಳಿಸೋಕೆ, ಲೈನ್ ಎಲ್ಲೂ ಕಡಿಯದಿದ್ರೂ ಒಂದು ಹಗಲು ಒಂದು ರಾತ್ರಿ ಮೀರಿ ಬೇಕಿತ್ತು. ಎಲ್ಲೋ ಒಬ್ಬರು ಇಳಿಸಿದ್ದನ್ನ ಸಿಡಿಗೆ ಬರೆದು ಕೈಯಿಂದ ಕೈಗೆ ದಾಟಿಸಿದ್ರಿಂದಲೇ ಅದು ನಮ್ಮ ಊರುಗಳಿಗೆ ಬಂತು. ಶಿಲ್ಲಿಂಗ್ 2021ರಲ್ಲಿ ತೀರಿಕೊಂಡ್ರು.

— ಚಿಕ್ಕಪ್ಪ, ಒಂದು ಅನುಮಾನ. ಯಾವ ಪ್ರೋಗ್ರಾಮು ಬೇಕಾದ್ರೂ ಡ್ರೈವಿಗೆ ನೇರವಾಗಿ ಯಾವ ಆಜ್ಞೆ ಬೇಕಾದ್ರೂ ಕಳಿಸಬಹುದು ಅಂದ್ರೆ ಅಪಾಯ ಅಲ್ವಾ? ಫರ್ಮ್‌ವೇರ್ ಅಳಿಸು ಅಂತ ಕಳಿಸಿದ್ರೆ?

— ಇದೇ ಮುಖ್ಯವಾದ ಪ್ರಶ್ನೆ. 2003ರ ಅಕ್ಟೋಬರಿನಲ್ಲಿ ಮ್ಯಾಂಡ್ರೇಕ್ ಲಿನಕ್ಸ್ 9.2 ಬಂತು. ಹಾಕಿಕೊಂಡ ಕೆಲವರ ಸಿಡಿ ಡ್ರೈವು ಸತ್ತೇಹೋಯ್ತು. ಮತ್ತೆ ಕಂಪ್ಯೂಟರ್ ಶುರು ಮಾಡಿದ್ರೂ ಏಳಲಿಲ್ಲ. ಹುಡುಕಿ ನೋಡಿದ್ರೆ ಎಲ್ಲವೂ ಎಲ್‌ಜಿ ಕಂಪನಿಯ ಓದೋ ಡ್ರೈವುಗಳು, ಬರೆಯೋವಲ್ಲ. ಮ್ಯಾಂಡ್ರೇಕಿನ ಕರ್ನೆಲ್ಲಿಗೆ ಪ್ಯಾಕೆಟ್ ರೈಟಿಂಗ್ ಅನ್ನೋ ಸೌಲಭ್ಯ ಸೇರಿಸಿದ್ರು. ಅದು ಡ್ರೈವಿಗೆ 'ಕ್ಯಾಶೆ ಖಾಲಿ ಮಾಡು' ಅನ್ನೋ ಆಜ್ಞೆ ಕಳಿಸ್ತಾ ಇತ್ತು. ಮಾನಕದ ಪ್ರಕಾರ ನಿರುಪದ್ರವಿ ಆಜ್ಞೆ ಅದು. ಬರೀ ಓದೋ ಡ್ರೈವಿಗೆ ಅದು ಬೇಕಿಲ್ಲ. ಬೇಕಿಲ್ಲದ ಆಜ್ಞೆ ಬಂದ್ರೆ 'ಗೊತ್ತಿಲ್ಲ' ಅಂತ ಉತ್ತರ ಕೊಡಬೇಕು, ಆಗ ಹೇಳಿದ್ನಲ್ಲ, 5 ಮತ್ತು 20. ಆದ್ರೆ ಆ ಡ್ರೈವುಗಳ ಫರ್ಮ್‌ವೇರ್ ಬರೆದವರು ಖಾಲಿ ಬಿದ್ದಿದ್ದ ಆ ಸಂಖ್ಯೆಯನ್ನ 'ಹೊಸ ಫರ್ಮ್‌ವೇರ್ ಬರ್ತಾ ಇದೆ, ಹಳೇದನ್ನ ಬದಲಾಯಿಸು' ಅನ್ನೋದಕ್ಕೆ ಇಟ್ಕೊಂಡಿದ್ರು. ಕರ್ನೆಲ್ ಕೇಳಿದ್ದು ಒಂದು, ಡ್ರೈವಿಗೆ ಕೇಳಿಸಿದ್ದು ಇನ್ನೊಂದು. ಆಮೇಲೆ ಎಲ್‌ಜಿ ಸರಿಪಡಿಸಿದ ಫರ್ಮ್‌ವೇರ್ ಕೊಟ್ಟಿತು.

— ತಪ್ಪು ಯಾರದು?

— ಮಾನಕದ ಸಂಖ್ಯೆಯನ್ನ ಖಾಸಗಿ ಕೆಲಸಕ್ಕೆ ಬಳಸಿಕೊಂಡವರದು, ನನ್ನ ಮಟ್ಟಿಗೆ ಅದರಲ್ಲಿ ಅನುಮಾನವಿಲ್ಲ. ಸಾರ್ವಜನಿಕ ಮಾತಿಗೆ ಗುಟ್ಟಾಗಿ ಬೇರೆ ಅರ್ಥ ಇಟ್ಕೊಂಡ್ರೆ, ನಂಬಿ ಮಾತಾಡಿದವನಿಗೇ ಪೆಟ್ಟು ಬೀಳುತ್ತೆ.

— ಇದಾದ ಮೇಲೆ ತಡೆ ಹಾಕಿದ್ರಾ?

— ಮರುವರ್ಷವೇ ಒಂದು ತಡೆ ಬಂತು, 2004ರ ಆಗಸ್ಟಿನ 2.6.8 ಕರ್ನೆಲ್ಲಿನಲ್ಲಿ. ಡ್ರೈವನ್ನ ಬರೀ ಓದೋಕೆ ತೆರೆಯೋ ಅನುಮತಿ ಇದ್ದವರೂ ಅಲ್ಲೀವರೆಗೆ ಫರ್ಮ್‌ವೇರ್ ಬರೆಯೋ ಆಜ್ಞೆಯನ್ನೂ ಕಳಿಸಬಹುದಿತ್ತು. ಅದಕ್ಕೆ ಕರ್ನೆಲ್ ಒಂದು ಪಟ್ಟಿ ಇಟ್ಟಿತು. ಓದೋರಿಗೆ ಈ ಆಜ್ಞೆಗಳು, ಬರೆಯೋ ಅನುಮತಿ ಇದ್ದವರಿಗೆ ಇನ್ನಷ್ಟು, ಉಳಿದದ್ದು ರೂಟ್‌ಗೆ ಮಾತ್ರ. ಉದ್ದೇಶ ಒಳ್ಳೇದು. ಆದ್ರೆ ರಾತ್ರೋರಾತ್ರಿ ಮಾಡಿದ್ರಿಂದ ಸಾಮಾನ್ಯ ಬಳಕೆದಾರರ ಸಿಡಿ ಬರೆಯೋ ಪ್ರೋಗ್ರಾಮುಗಳು ಕೆಟ್ಟು ನಿಂತ್ವು. ವಿಂಡೋಸಿನಲ್ಲೂ ಇದೇ ಕಥೆ: ಪಾಸ್ ಥ್ರೂ ದಾರಿಗೆ ಅಡ್ಮಿನಿಸ್ಟ್ರೇಟರ್ ಅಧಿಕಾರ ಬೇಕಿತ್ತು. ನೀರೋದವರು ಬರ್ನ್‌ರೈಟ್ಸ್ ಅಂತ ಬೇರೆ ಒಂದು ಉಪಕರಣವನ್ನೇ ಕೊಡಬೇಕಾಯ್ತು, ಅಧಿಕಾರವಿಲ್ಲದವರೂ ಡಿಸ್ಕ್ ಬರೀಲಿ ಅಂತ. ತಡೆ ಬೇಕೇ ಬೇಕು. ಯಾವುದಕ್ಕೆ ತಡೆ ಅಂತ ಬಳಕೆದಾರನಿಗೆ ತಿಳಿಸೋದೂ ಅಷ್ಟೇ ಬೇಕು.

— ತಿಳಿಸದೇ ತಡೆ ಹಾಕಿದವರೂ ಇದ್ದಾರಲ್ಲ. ಸೋನಿ ಬಿಎಂಜಿ ಅನ್ನೋ ಹಾಡಿನ ಕಂಪನಿ.

— ಆ ಪ್ರಕರಣ ನೆನೆಸಿಕೊಂಡ್ರೆ ನನಗೆ ಈಗಲೂ ಸಿಟ್ಟು ಬರುತ್ತೆ. 2005. ದುಡ್ಡು ಕೊಟ್ಟು ತಂದ ಹಾಡಿನ ಸಿಡಿಯನ್ನ ವಿಂಡೋಸ್ ಕಂಪ್ಯೂಟರಿಗೆ ಹಾಕಿದ್ರೆ ಎಕ್ಸ್‌ಸಿಪಿ ಅನ್ನೋ ಸಾಫ್ಟ್‌ವೇರ್ ಒಳಗೆ ಸೇರಿಕೊಳ್ತಾ ಇತ್ತು. 52 ಆಲ್ಬಮ್ಮುಗಳಲ್ಲಿ ಅದಿತ್ತು. ಅದು ಸಿಡಿ ಡ್ರೈವಿಗೂ ಪ್ರೋಗ್ರಾಮುಗಳಿಗೂ ನಡುವೆ ಫಿಲ್ಟರ್ ಡ್ರೈವರ್ ಆಗಿ ಕೂರೋದು, ಹೋಗೋ ಬರೋ ಆಜ್ಞೆಗಳನ್ನ ಗಮನಿಸೋದು, ಮೇಲಾಗಿ ತಾನು ಇರೋದೇ ಕಾಣದ ಹಾಗೆ ಮರೆಮಾಚಿಕೊಳ್ಳೋದು. ವಿಂಡೋಸ್ ಪರಿಣತ ಮಾರ್ಕ್ ರಸಿನೋವಿಚ್ ಅಕ್ಟೋಬರ್ 31ರಂದು ಅದನ್ನ ಬಯಲಿಗೆಳೆದ್ರು. ತೆಗೆದುಹಾಕೋಕೆ ಹೋದಾಗ ಅವರ ಕಂಪ್ಯೂಟರಿನಿಂದ ಸಿಡಿ ಡ್ರೈವೇ ಮಾಯವಾಯ್ತು. ಯಾಕಂದ್ರೆ ವಿಂಡೋಸಿನ ರಿಜಿಸ್ಟ್ರಿಯಲ್ಲಿ ಡ್ರೈವಿನ ಮೇಲೆ, ಕೆಳಗೆ ಯಾವ ಫಿಲ್ಟರ್‌ಗಳು ಕೂತಿವೆ ಅಂತ ಪಟ್ಟಿ ಇರುತ್ತೆ. ಪಟ್ಟಿಯಲ್ಲಿ ಹೆಸರಿದ್ದು ಫೈಲು ಇಲ್ಲದೇ ಹೋದ್ರೆ ಡ್ರೈವು ಮೇಲೇಳೋದೇ ಇಲ್ಲ. ರಿಪೇರಿ ಮಾಡೋರಿಗೆ ಈ ಅಪ್ಪರ್ ಫಿಲ್ಟರ್ಸ್, ಲೋವರ್ ಫಿಲ್ಟರ್ಸ್ ಬಾಯಿಪಾಠ. ಬರೆಯೋ ಪ್ರೋಗ್ರಾಮನ್ನ ಅರೆಬರೆ ತೆಗೆದಾಗಲೂ ಇದೇ ತೊಂದರೆ ಬರ್ತಾ ಇತ್ತು.

— ಡಿವಿಡಿಯ ರೀಜನ್ ಕೋಡೂ ಇಂಥದ್ದೇ ಅಲ್ವಾ?

— ಅದು ಇನ್ನೂ ಕೆಳಗೆ, ಡ್ರೈವಿನ ಫರ್ಮ್‌ವೇರಿನಲ್ಲೇ ಕೂತಿರುತ್ತೆ. ಭಾರತ 5ನೇ ವಲಯ. ಐದು ಸಲ ಬದಲಾಯಿಸಬಹುದು, ಆಮೇಲೆ ಕೊನೆಯದಾಗಿ ಇಟ್ಟದ್ದೇ ಗಟ್ಟಿ. ಅಮೆರಿಕದಿಂದ ತಂದ 1ನೇ ವಲಯದ ಡಿಸ್ಕ್ ಹಾಕಿದ್ರೆ, ವಲಯ ಹೊಂದಲ್ಲ ಅನ್ನೋದಕ್ಕೂ ಸೆನ್ಸ್ ಅಂಕಿ ಇದೆ: 5, 6ಎಫ್, 04. ನಿನ್ನ ಕೆಲಸಕ್ಕೆ ಅದು ಬರಲ್ಲ, ಬಿಡು. ನಿನಗೆ ಬೇಕಾದ್ದು ಸೋಬಾನೆ ಪದ.

— ಹೌದು, ಅಲ್ಲಿಗೇ ಬರೋಣ. ಬಿಇ ಅಂತ ಕಳಿಸಿದ್ರೆ ಹಾಡಿನ ಸೆಕ್ಟರ್ ಬರುತ್ತೆ. ಸಾಲಾಗಿ ಎಲ್ಲವನ್ನೂ ಓದಿ ಜೋಡಿಸಿದ್ರೆ ಆಯ್ತಲ್ಲ?

— ಅಷ್ಟು ಸುಲಭ ಅಲ್ಲ. ಲೆಕ್ಕ ನೋಡು. ಸಿಡಿಯ ಒಂದು ಸೆಕ್ಟರ್ 2352 ಬೈಟು, ಸೆಕೆಂಡಿಗೆ 75 ಸೆಕ್ಟರು. ಡೇಟಾ ಸಿಡಿಯಲ್ಲಿ ಆ 2352ರಲ್ಲಿ ನಿನಗೆ ಸಿಗೋದು 2048. ಉಳಿದ 304 ಬೈಟು ಏನು? ಸೆಕ್ಟರ್ ಎಲ್ಲಿ ಶುರು ಅಂತ ಗುರುತು, ಅದರ ವಿಳಾಸ, ತಪ್ಪು ತಿದ್ದೋ ಸಂಕೇತ. ಹಾಡಿನ ಸಿಡಿಯಲ್ಲಿ 2352ಕ್ಕೆ 2352ನ್ನೂ ಹಾಡೇ ತುಂಬಿರುತ್ತೆ. ಸೆಕ್ಟರ್ ಒಳಗೆ ವಿಳಾಸ ಇಲ್ಲ, ಎರಡನೇ ಹಂತದ ತಿದ್ದುಪಡಿಯೂ ಇಲ್ಲ. ಸಿಡಿಯನ್ನ ಮೊದಲು ರೂಪಿಸಿದ್ದು ಒಂದೇ ಸಮನೆ ಹಾಡಿಸ್ತಾ ಹೋಗೋಕೆ. ನಡುವೆ ನಿಲ್ಲಿಸಿ, ಸರಿಯಾಗಿ ಅಲ್ಲಿಂದಲೇ ಮತ್ತೆ ಶುರು ಮಾಡು ಅಂತ ಯಾರಾದ್ರೂ ಕೇಳ್ತಾರೆ ಅಂದ್ಕೊಂಡಿರಲಿಲ್ಲ. ಹಾಗಾಗಿ ಹಳೇ ಡ್ರೈವುಗಳಿಗೆ '1000ನೇ ಸೆಕ್ಟರಿಂದ ಕೊಡು' ಅಂದ್ರೆ ಸ್ವಲ್ಪ ಹಿಂದಿನಿಂದಲೋ ಸ್ವಲ್ಪ ಮುಂದಿನಿಂದಲೋ ಕೊಡ್ತಾ ಇದ್ವು. ಜೋಡಿಸಿದ ಕಡೆ ಒಂದು ಸಣ್ಣ 'ಟಿಕ್' ಕೇಳಿಸೋದು. ಸೋಬಾನೆ ಹಾಡೋ ಅಜ್ಜಿ ಉಸಿರು ತಗೊಳ್ಳೋ ಜಾಗದಲ್ಲಿ ಟಿಕ್ ಬಂದ್ರೆ ಹೇಗಿರುತ್ತೆ?

— ಅದಕ್ಕೆ ಏನು ಮಾಡ್ತಾರೆ?

— ಸಿಡಿಪ್ಯಾರನೋಯಾ ಅಂತ ಒಂದು ಪ್ರೋಗ್ರಾಮು ಇದೆ, ಕ್ರಿಸ್ಟೋಫರ್ ಮಾಂಟ್ಗೊಮೆರಿ ಬರೆದದ್ದು. ಓಗ್ ವೋರ್ಬಿಸ್ ಅನ್ನೋ ಧ್ವನಿ ಫಾರ್ಮ್ಯಾಟ್ ಮಾಡಿದ್ದೂ ಅವರೇ. ಅದು ಡ್ರೈವಿನ ಮಾತನ್ನ ಒಂದೇ ಸಲಕ್ಕೆ ನಂಬೋದಿಲ್ಲ. ಓದಿದ ಭಾಗದ ಕೊನೆಯನ್ನೂ ಮುಂದಿನ ಭಾಗದ ಮೊದಲನ್ನೂ ಒಂದರ ಮೇಲೊಂದು ಬರೋ ಹಾಗೆ ಓದುತ್ತೆ, ಎರಡನ್ನೂ ಹೋಲಿಸುತ್ತೆ, ಎಲ್ಲಿ ಹೊಂದುತ್ತೋ ಅಲ್ಲಿ ಕೂಡಿಸುತ್ತೆ. ಹೊಂದದಿದ್ರೆ ಮತ್ತೆ ಓದಿಸುತ್ತೆ. ಕೆಲಸ ಸರಾಗವಾಗಿ ನಡೀತಾ ಇದ್ರೆ ಪರದೆಯ ಮೇಲೆ ನಗುಮುಖ ತೋರಿಸುತ್ತೆ, :-) ಅಂತ. ಕಷ್ಟ ಆದಷ್ಟೂ ಮುಖ ಬದಲಾಗುತ್ತೆ. ರಾಕಿ ಬರ್ನ್‌ಸ್ಟೀನ್ ಅನ್ನೋರು ಕಟ್ಟಿದ ಲಿಬ್‌ಸಿಡಿಐಒ ಲೈಬ್ರರಿಯ ಮೇಲೂ ಇದನ್ನ ತಂದಿದ್ದಾರೆ. ನೀನು ಅದನ್ನೇ ಹಿಡಿ. ಲಿನಕ್ಸ್, ವಿಂಡೋಸ್, ಮ್ಯಾಕ್ ಎಲ್ಲದರಲ್ಲೂ ಒಂದೇ ರೀತಿ ಕರೆದ್ರಾಯ್ತು, ಕೆಳಗಿನ ದಾರಿ ಅದೇ ನೋಡ್ಕೊಳ್ಳುತ್ತೆ. ಇಷ್ಟಾದ್ರೂ ಇನ್ನೊಂದು ಉಳಿಯುತ್ತೆ. ಬಹುತೇಕ ಪ್ರತಿ ಮಾಡೆಲ್ಲಿನ ಡ್ರೈವೂ ಹಾಡನ್ನ ಒಂದು ಖಚಿತವಾದ ಅಳತೆಯಷ್ಟು ಹಿಂದೆ ಮುಂದೆ ಸರಿಸಿ ಕೊಡುತ್ತೆ. ಒಂದು ಸೆಕ್ಟರಿನಲ್ಲಿ 588 ಸ್ಯಾಂಪಲ್, ಎರಡು ಚಾನೆಲ್ ಸೇರಿ ಒಂದು ಸ್ಯಾಂಪಲ್ಲಿಗೆ 4 ಬೈಟು. ಎಷ್ಟು ಸ್ಯಾಂಪಲ್ ಸರಿದಿದೆ ಅಂತ ಗೊತ್ತಿದ್ರೆ ಆಮೇಲೆ ಸರಿಪಡಿಸಬಹುದು. ಅದಕ್ಕೇ ಯಾವ ಡ್ರೈವಿನಲ್ಲಿ ಓದಿದ್ದು ಅಂತ ಬರೆದಿಡೋದು ಅಷ್ಟು ಮುಖ್ಯ.

— ಈಗಿನ ಲ್ಯಾಪ್‌ಟಾಪಿನಲ್ಲಿ ಡ್ರೈವೇ ಇಲ್ಲ. ನಾನು ಯುಎಸ್‌ಬಿಯ ಒಂದು ಡಿವಿಡಿ ಡ್ರೈವ್ ತಂದಿದ್ದೀನಿ. ಇದಕ್ಕೆ ಬೇರೆ ಲೈಬ್ರರಿ ಬೇಕಾ?

— ಬೇಡ. ಅಲ್ಲೇ ಇರೋದು ಸೊಗಸು! ಯುಎಸ್‌ಬಿ ಡ್ರೈವಿಗೆ ಹೋಗೋದು 31 ಬೈಟಿನ ಒಂದು ಲಕೋಟೆ. ಅದರ ಒಳಗೆ 16 ಬೈಟಿನಷ್ಟು ಜಾಗ ಇದೆ, ಅಲ್ಲಿ ಕೂತಿರೋದು ಅದೇ ಹಳೇ ಸ್ಕಸಿ ಆಜ್ಞೆ. 1986ರ ಮಾನಕದ ಮಾತು. ಆಸ್ಪಿ ಹೋಯ್ತು, ಐಡಿಇ ಕೇಬಲ್ ಹೋಯ್ತು, ಕಾರ್ಡುಗಳು ಹೋದ್ವು. ಇವತ್ತು ನೀನು 1ಬಿ, 00, 00, 00, 02, 00 ಅಂತ ಕಳಿಸಿದ್ರೆ ನಿನ್ನ ಯುಎಸ್‌ಬಿ ಡ್ರೈವು ಟ್ರೇ ತೆಗೆಯುತ್ತೆ. ಲಿನಕ್ಸಿನಲ್ಲಿ ಎಸ್‌ಜಿ-ಐಒ ಅನ್ನೋ ದಾರಿಯಲ್ಲಿ ನೀನೇ ಕಳಿಸಿ ನೋಡು. ಒಂದು ಸಲವಾದ್ರೂ ಲೈಬ್ರರಿ ಇಲ್ಲದೇ ಕೈಯಾರೆ ಮಾಡು. ಅದಾದ ಮೇಲೆ ಲೈಬ್ರರಿ ಬಳಸು.

— ಬರೆಯೋದಾದ್ರೆ? ಕೆಲವರು ಆಮೇಲೆ ಮತ್ತೆ ಡಿಸ್ಕಿನಲ್ಲೂ ಒಂದು ಪ್ರತಿ ಬೇಕು ಅಂತಿದ್ದಾರೆ.

— ಬರೆಯೋಕೆ ಲಿಬ್‌ಬರ್ನ್ ಇದೆ. ಥಾಮಸ್ ಶ್ಮಿಟ್ ಅದನ್ನ ವರ್ಷಗಳಿಂದ ಕಾಪಾಡಿಕೊಂಡು ಬರ್ತಾ ಇದ್ದಾರೆ. ಅದರ ಬಳಗದ ಜೊರಿಸೊ ಅನ್ನೋ ಉಪಕರಣದಿಂದಲೇ ಡೆಬಿಯನ್‌ನವರು ತಮ್ಮ ಇನ್‌ಸ್ಟಾಲ್ ಡಿಸ್ಕಿನ ಪ್ರತಿ ತಯಾರಿಸೋದು. ಸಿಡಿಗೆ ಬರೆಯೋರು ಕಡಿಮೆ ಆದ್ರೂ ಆ ಕೋಡು ದಿನವೂ ಎಲ್ಲೋ ಕೆಲಸ ಮಾಡ್ತಾ ಇದೆ. ಮುಂಚಿನ ಹಾಗೆ ಬರೀವಾಗ ಮೌಸ್ ಮುಟ್ಟಬೇಡ ಅಂತ ಯಾರೂ ಗದರಿಸಲ್ಲ. ಆಗ ಡೇಟಾ ಸ್ವಲ್ಪ ತಡವಾದ್ರೂ ಡಿಸ್ಕ್ ಹಾಳು. ಸ್ಯಾನ್ಯೋ 2000ದಲ್ಲಿ ಬರ್ನ್-ಪ್ರೂಫ್ ತಂದ ಮೇಲೆ ಡ್ರೈವು ಲೇಸರ್ ನಿಲ್ಲಿಸಿ, ಕಾದು, ಬಿಟ್ಟ ಜಾಗದಿಂದಲೇ ಮುಂದುವರಿಸೋದು ಕಲೀತು. ಆದ್ರೆ ನನ್ನ ಮಾತು ಕೇಳು, ಬರೆಯೋದು ಆಮೇಲೆ. ಬರೆದ ಸಿಡಿಯ ಒಳಗೆ ಇರೋದು ಬಣ್ಣದ ಪದರ. ಬಿಸಿಲು, ಬಿಸಿ ತಗಲಿದ್ರೆ ಕೆಡುತ್ತೆ. ಕಿಟಕಿ ಪಕ್ಕದ ಬೀರುವಿನಲ್ಲಿ ಇದ್ದವು ಯಾವುವು ಅಂತ ಲೈಬ್ರರಿಯವರನ್ನ ಕೇಳು, ಅವನ್ನ ಮೊದಲು ತಗೋ. ಅಂಗಡಿಯಲ್ಲಿ ಕೊಂಡ ಒತ್ತಚ್ಚಿನ ಡಿಸ್ಕುಗಳು ಕಾಯಬಲ್ಲವು.

— ಡೇಟಾ ಸಿಡಿಗೂ ಸಿಡಿಪ್ಯಾರನೋಯಾನಾ?

— ಅಲ್ಲ, ಡೇಟಾಗೆ ಗ್ನೂ ಡಿಡಿರೆಸ್ಕ್ಯೂ. ಅದು ಮೊದಲು ಸುಲಭವಾಗಿ ಬರೋ ಸೆಕ್ಟರುಗಳನ್ನ ತಗೊಳ್ಳುತ್ತೆ, ಹಟ ಮಾಡೋವನ್ನ ಕೊನೆಗೆ ಇಟ್ಕೊಳ್ಳುತ್ತೆ, ಯಾವುದು ಬಂತು ಯಾವುದು ಬರಲಿಲ್ಲ ಅಂತ ಒಂದು ನಕ್ಷೆ ಫೈಲು ಬರೆಯುತ್ತೆ. ಒಂದು ಡ್ರೈವಿನಲ್ಲಿ ಬರದ ಸೆಕ್ಟರು ಇನ್ನೊಂದರಲ್ಲಿ ಬರಬಹುದು. ಅದೇ ನಕ್ಷೆ ಕೊಟ್ಟು ಇನ್ನೊಂದು ಡ್ರೈವಿನಲ್ಲಿ ಮುಂದುವರಿಸು. ನನ್ನ ಹತ್ರ ಹಳೇ ಡ್ರೈವು ಇದೆ, ಒಯ್ಯಿ. ವೇಗ ಇಳಿಸಿ ಓದು, ಬಿಬಿ ಅನ್ನೋ ಆಜ್ಞೆ ಅದಕ್ಕೇ ಇರೋದು. ಗೀರು ಬಿದ್ದ ಡಿಸ್ಕು ನಿಧಾನಕ್ಕೆ ತಿರುಗಿದ್ರೆ ಎಷ್ಟೋ ಸಲ ಓದಿಸಿಕೊಳ್ಳುತ್ತೆ.

— ಕೊನೆಗೆ ಹಾಡಿನ ಜೊತೆ ಏನೇನು ಇಡಲಿ?

— ಹಾಡಿನ ಫೈಲು ಕುಗ್ಗಿಸದೇ, ಇಲ್ಲವೇ ಫ್ಲ್ಯಾಕ್‌ನಲ್ಲಿ. ಎಂಪಿ3 ಮಾತ್ರ ಇಟ್ಟು ಮೂಲ ಬಿಡಬೇಡ. ಡಿಸ್ಕಿನ ಹಾಡಿನ ಪಟ್ಟಿ, 43 ಅನ್ನೋ ಆಜ್ಞೆಗೆ ಡ್ರೈವು ಕೊಟ್ಟ ಹಾಗೇ. ಡ್ರೈವಿನ ಮಾಡೆಲ್, ಫರ್ಮ್‌ವೇರ್ ಆವೃತ್ತಿ, ಲೈಬ್ರರಿಯ ಹೆಸರು, ಅದರ ಆವೃತ್ತಿ. ಓದಲಾಗದ ಸೆಕ್ಟರುಗಳ ಸಂಖ್ಯೆ, ಅದರ ಸೆನ್ಸ್ ಅಂಕಿ. ಸಿಡಿಯ ಕವರಿನ ಮೇಲೆ ಯಾರೋ ಪೆನ್ನಿನಲ್ಲಿ ಹಾಡಿದವರ ಹೆಸರು, ಊರು ಬರೆದಿರ್ತಾರೆ, ಅದರ ಫೋಟೋ. ಡ್ರೈವಿಗೆ ಅದು ಕಾಣೋದಿಲ್ಲ, ಯಾವ ಲೈಬ್ರರಿಯೂ ಅದನ್ನ ಓದಿಕೊಡಲ್ಲ.

— ಮೂಲ ಕೋಡು?

— ಅದನ್ನೂ ಇಡು. ಲಿಬ್‌ಸಿಡಿಐಒದ ಮೂಲ ಕೋಡು, ನಿನ್ನ ಪ್ರೋಗ್ರಾಮಿನದು, ಎರಡೂ ಅದೇ ಹಾರ್ಡ್‌ಡಿಸ್ಕಿನಲ್ಲಿ. ಓದಲಾಗದ ಡಿಸ್ಕುಗಳನ್ನ ಎಸೆಯೋಕೆ ಬಿಡಬೇಡ, ಬೇರೆ ಪೆಟ್ಟಿಗೆಗೆ ಹಾಕಿಸಿ ನಕ್ಷೆ ಫೈಲಿನ ಹೆಸರನ್ನ ಪೆಟ್ಟಿಗೆ ಮೇಲೆ ಬರೆಸು. ಇನ್ನೊಂದು ಒಳ್ಳೆ ಡ್ರೈವು ಸಿಕ್ಕಿದ ದಿನ ಅಲ್ಲಿಂದ ಮುಂದುವರಿಸೋಣ.